ಶಾಲೆಗೆ ಬೀಗ ಬಿದ್ದರೆ ಟೀಚರ್ ಗತಿ ಏನು? ಮುಂಬೈಯಿಂದ ಬಂದ ಒಂದು ಪ್ರಶ್ನೆ

ಪ್ರಶ್ನೆ: ಸರ್, ನಾನು ಮುಂಬೈಯ ಪೂರ್ವ ಉಪನಗರದ ಒಂದು ಏಡೆಡ್ (ಸರ್ಕಾರ ಸಂಬಳ ಕೊಡುವ ಖಾಸಗಿ) ಕನ್ನಡ ಮಾಧ್ಯಮ ಶಾಲೆಯಲ್ಲಿ ಟೀಚರ್. 2002ರ ಜೂನ್‌ನಲ್ಲಿ ಶಿಕ್ಷಣ ಸೇವಕಿಯಾಗಿ (ಪರ್ಮನೆಂಟ್ ಆಗುವ ಮೊದಲಿನ ಮೂರು ವರ್ಷದ ನೇಮಕ) ಸೇರಿದೆ, 2005ರ ಜೂನ್‌ನಲ್ಲಿ ಪರ್ಮನೆಂಟ್ ಆಯಿತು. ಈಗ 5ರಿಂದ 7ನೇ ಕ್ಲಾಸಿನವರೆಗೆ ಗಣಿತ, ವಿಜ್ಞಾನ ಕಲಿಸುತ್ತೇನೆ. ಮೂರೂ ಕ್ಲಾಸ್ ಸೇರಿ 31 ಮಕ್ಕಳು. ನನಗೆ 48 ವರ್ಷ. ಕಳೆದ ತಿಂಗಳು ಮ್ಯಾನೇಜ್‌ಮೆಂಟ್‌ನವರು ನಮ್ಮನ್ನೆಲ್ಲ ಕರೆದು, ಜೂನ್‌ನಿಂದ ಕನ್ನಡ ಮಾಧ್ಯಮ ಇರುವುದಿಲ್ಲ ಎಂದರು. ಕಾಗದ ಏನೂ ಕೊಟ್ಟಿಲ್ಲ. ಅದೇ ಕಂಪೌಂಡಿನಲ್ಲಿ ಅವರದೇ ಇಂಗ್ಲಿಷ್ ಮೀಡಿಯಂ ಶಾಲೆ ಇದೆ, ಅದು ಅನ್‌ಏಡೆಡ್. ಇಲ್ಲಿ ರಾಜೀನಾಮೆ ಕೊಡಿ, ಅಲ್ಲಿ ಹೊಸ ಆರ್ಡರ್ ಕೊಡುತ್ತೇವೆ, ತಿಂಗಳಿಗೆ 22,000 ಎನ್ನುತ್ತಿದ್ದಾರೆ. ನನ್ನ ಈಗಿನ ಸಂಬಳದ ಕಾಲು ಭಾಗ ಅದು. ಸ್ಟಾಫ್ ರೂಮಿನಲ್ಲಿ ಒಬ್ಬೊಬ್ಬರು ಒಂದೊಂದು ಹೇಳುತ್ತಾರೆ. ಶಾಲೆ ಮುಚ್ಚಿದರೆ ನೌಕರಿ ಹೋಯಿತು ಎಂದು ಒಬ್ಬರು, ಸರ್ಕಾರ ಬೇರೆ ಕಡೆ ಕೊಟ್ಟೇ ಕೊಡುತ್ತದೆ ಎಂದು ಇನ್ನೊಬ್ಬರು, ಸರ್‌ಪ್ಲಸ್, ಅಂದರೆ ಹೆಚ್ಚುವರಿ, ಆದರೆ ರಾಜ್ಯದ ಇನ್ನೊಂದು ತುದಿಯ ಗಡ್‌ಚಿರೋಲಿಗೆ ಹಾಕುತ್ತಾರೆ ಎಂದು ಮತ್ತೊಬ್ಬರು. ಲೇಬರ್ ಕೋರ್ಟಿಗೆ ಹೋಗಿ ಅನ್ನುವವರೂ ಇದ್ದಾರೆ. ನನ್ನ ಗೆಳತಿ ಆ ಇಂಗ್ಲಿಷ್ ಶಾಲೆಯಲ್ಲೇ 9 ವರ್ಷ ಕೆಲಸ ಮಾಡಿದವಳು, ನಮ್ಮಂಥ ಸೀನಿಯರ್‌ಗಳು ಅಲ್ಲಿಗೆ ಬಂದರೆ ಅವಳನ್ನು ತೆಗೆಯುತ್ತಾರಂತೆ. ನಾನು ಏನು ಮಾಡಲಿ?

ಉತ್ತರ: ಟೀಚರ್, ಮೊದಲು ಒಂದೇ ಮಾತು. ರಾಜೀನಾಮೆಗೆ ಸಹಿ ಹಾಕಬೇಡಿ. ಉಳಿದದ್ದನ್ನು ರಾತ್ರಿ ಊಟ ಆದಮೇಲೆ ನಿಧಾನವಾಗಿ ಓದಿದರೂ ನಡೆಯುತ್ತದೆ.

ಯಾಕೆ ಇಷ್ಟು ಗಟ್ಟಿಯಾಗಿ ಹೇಳುತ್ತಿದ್ದೇನೆ ಅಂದರೆ, ಖಾಸಗಿ ಶಾಲೆಯ ನೌಕರರ ಅಪೀಲು ಕೇಳುವ ಸ್ಕೂಲ್ ಟ್ರಿಬ್ಯೂನಲ್‌ನಲ್ಲಿ ಟೀಚರ್‌ಗಳ ಕೇಸು ನಡೆಸುತ್ತ ಇಪ್ಪತ್ತು ವರ್ಷದ ಮೇಲಾಯಿತು. ಶಾಲೆ ಮುಚ್ಚಿದ್ದರಿಂದ ಹಾಳಾದವರಿಗಿಂತ, ಮುಚ್ಚುವ ಮೊದಲೇ ಗಾಬರಿಯಲ್ಲಿ ಒಂದು ಕಾಗದಕ್ಕೆ ಸಹಿ ಹಾಕಿ ಹಾಳಾದವರನ್ನೇ ನಾನು ಜಾಸ್ತಿ ನೋಡಿದ್ದೇನೆ. ನಿಮ್ಮಂಥ ಏಡೆಡ್ ಶಾಲೆಯ ಶಿಕ್ಷಕರ ಪೆನ್ಷನ್‌ಗೆ ಮಹಾರಾಷ್ಟ್ರ ಸರ್ಕಾರದ 1982ರ ಪೆನ್ಷನ್ ನಿಯಮಗಳೇ ಆಧಾರ. ಅದರ 46ನೇ ನಿಯಮದ ಪ್ರಕಾರ ರಾಜೀನಾಮೆ ಕೊಟ್ಟರೆ ಹಿಂದಿನ ಸೇವೆಯೆಲ್ಲ ಲೆಕ್ಕದಿಂದ ಹೋಗುತ್ತದೆ. ಸರ್ಕಾರದ ಇನ್ನೊಂದು ನೌಕರಿಗೆ ಅನುಮತಿ ಪಡೆದು ಹೋಗುವವರಿಗೆ ಅದರಲ್ಲಿ ವಿನಾಯಿತಿ ಇದೆ, ಆದರೆ ಅನ್‌ಏಡೆಡ್ ಇಂಗ್ಲಿಷ್ ಶಾಲೆ ಸರ್ಕಾರದ ನೌಕರಿ ಅಲ್ಲವಲ್ಲ. ಮಹಾರಾಷ್ಟ್ರದಲ್ಲಿ ಹಳೇ ಪೆನ್ಷನ್ ಸಿಗುವುದು 2005ರ ನವೆಂಬರ್ 1ಕ್ಕಿಂತ ಮೊದಲು ಸೇರಿದವರಿಗೆ. ನೀವು ಆ ಗೆರೆಯ ಈಚೆ ಇದ್ದೀರಿ, ಅದು ನಿಮ್ಮ ಪುಣ್ಯ. ಆ ಪುಣ್ಯವನ್ನು 22,000ದ ಹೊಸ ಆರ್ಡರಿಗೆ ಬದಲಾಗಿ ಕೊಟ್ಟುಬಿಡಿ ಎಂದು ನಿಮ್ಮನ್ನು ಕೇಳುತ್ತಿದ್ದಾರೆ. ಕೇಳುವವರಿಗೆ ಇದು ಗೊತ್ತಿದೆಯೋ ಇಲ್ಲವೋ, ಆ ಮಾತು ಬಿಡಿ.

ಅಕಸ್ಮಾತ್ ಈಗಾಗಲೇ ಸಹಿ ಹಾಕಿದ್ದರೂ ಎಲ್ಲ ಮುಗಿಯಿತು ಅಂದುಕೊಳ್ಳಬೇಡಿ. ಖಾಸಗಿ ಶಾಲೆಗಳ ನೌಕರರಿಗೆಂದೇ ಮಹಾರಾಷ್ಟ್ರದಲ್ಲಿ 1977ರ ಕಾಯ್ದೆ ಇದೆ, ಅದಕ್ಕೆ 1981ರ ನಿಯಮಗಳಿವೆ. ಎಲ್ಲರೂ ಎಂ.ಇ.ಪಿ.ಎಸ್. ಅನ್ನುತ್ತಾರೆ. ರಾಜೀನಾಮೆ ಹೇಗಿರಬೇಕು ಎಂದು ಆ ಕಾಯ್ದೆಯ 7ನೇ ಕಲಮು ಹೇಳುತ್ತದೆ. ಎರಡು ಪ್ರತಿ ಬರೆದು, ಎರಡಕ್ಕೂ ಸಹಿ ಮತ್ತು ತಾರೀಖು ಹಾಕಿ, ಒಂದನ್ನು ರಿಜಿಸ್ಟರ್ಡ್ ಪೋಸ್ಟಿನಲ್ಲಿ ಮ್ಯಾನೇಜ್‌ಮೆಂಟಿಗೆ ಕಳಿಸಿ ಇನ್ನೊಂದನ್ನು ತನ್ನ ಹತ್ತಿರ ಇಟ್ಟುಕೊಳ್ಳಬೇಕು. ಕಾನೂನು ಮಾಡಿದವರಿಗೆ ಆಫೀಸ್ ರೂಮಿನಲ್ಲಿ ಕೂರಿಸಿ ಸಹಿ ಹಾಕಿಸುವ ಚಾಳಿ ಗೊತ್ತಿತ್ತು, ಅದಕ್ಕೇ ಈ ಪೋಸ್ಟಿನ ಕಟ್ಟಳೆ. ಕೆಲವು ವರ್ಷದ ಹಿಂದೆ ಒಬ್ಬ ಟೀಚರ್ ಟೈಪ್ ಮಾಡಿಟ್ಟಿದ್ದ ಕಾಗದಕ್ಕೆ ಸಹಿ ಹಾಕಿ ಮೂರನೇ ದಿನ ನನ್ನ ಹತ್ತಿರ ಅಳುತ್ತ ಬಂದರು. ಅವತ್ತೇ ಸಂಜೆ ದಾದರ್ ಪೋಸ್ಟ್ ಆಫೀಸಿನಿಂದ 'ಒತ್ತಾಯದಿಂದ ಪಡೆದದ್ದು, ವಾಪಸ್ ತೆಗೆದುಕೊಂಡಿದ್ದೇನೆ' ಎಂದು ರಿಜಿಸ್ಟರ್ಡ್ ಪತ್ರ ಹಾಕಿಸಿದೆ. ಆ ಒಂದು ರಸೀದಿಯೇ ಕೊನೆಗೆ ಕೇಸನ್ನು ಉಳಿಸಿತು.

ಈಗ ನಿಮ್ಮ ಸ್ಟಾಫ್ ರೂಮಿನ ಮಾತುಗಳಿಗೆ ಬರೋಣ. 'ನೌಕರಿ ಹೋಯಿತು' ಅನ್ನುವವರೂ 'ಕೊಟ್ಟೇ ಕೊಡುತ್ತಾರೆ' ಅನ್ನುವವರೂ ಅರ್ಧ ಸರಿ. ಕಾರಣ, ಎಂ.ಇ.ಪಿ.ಎಸ್. ನಿಯಮಗಳಲ್ಲಿ ಎರಡು ಬೇರೆ ಬೇರೆ ಬಾಗಿಲುಗಳಿವೆ, ಮತ್ತು ನಿಮ್ಮನ್ನು ಯಾವ ಬಾಗಿಲಿನಿಂದ ಹೊರಗೆ ಕಳಿಸುತ್ತಿದ್ದಾರೆ ಅನ್ನುವುದರ ಮೇಲೆ ಎಲ್ಲ ನಿಂತಿದೆ.

ಒಂದು, 26ನೇ ನಿಯಮ. ಮಕ್ಕಳು ಕಡಿಮೆಯಾದರು, ತರಗತಿ ಕಡಿಮೆಯಾಯಿತು, ಹಾಗಾಗಿ ಹುದ್ದೆ ರದ್ದಾಯಿತು ಅನ್ನುವುದು. ನಾವು ಸರ್‌ಪ್ಲಸ್ ಎಂದೂ ಮರಾಠಿಯವರು ಅತಿರಿಕ್ತ ಎಂದೂ ಕರೆಯುವುದು ಇದನ್ನೇ. ಇಲ್ಲಿ ಮೂರು ತಿಂಗಳ ನೋಟಿಸ್ ಬೇಕು, ಶಿಕ್ಷಣಾಧಿಕಾರಿಯ ಮುಂಗಡ ಒಪ್ಪಿಗೆ ಬೇಕು, ಸಾಮಾನ್ಯವಾಗಿ ಜೂನಿಯರ್ ಆದವರು ಮೊದಲು ಹೋಗಬೇಕು. ಏಡೆಡ್ ಶಾಲೆಯಾದರೆ ಹೀಗೆ ಹೆಚ್ಚಾದವರನ್ನು ಬೇರೆ ಏಡೆಡ್ ಶಾಲೆಗೆ ಸೇರಿಸುವ ಹೊಣೆ ಇಲಾಖೆಯದು. ಅದಕ್ಕೆ ಸಮಾಯೋಜನ ಅನ್ನುತ್ತಾರೆ. ಬೇರೆ ಕಡೆ ಜಾಗ ಆಗುವವರೆಗೆ ಮೂಲ ಶಾಲೆಯ ಹೆಸರಿನಲ್ಲೇ ಶಾಲಾರ್ಥ ಎಂಬ ಸರ್ಕಾರದ ಸಂಬಳದ ಪೋರ್ಟಲ್ ಮೂಲಕ ಸಂಬಳ ಬರುವುದು ರೂಢಿ. ನಿಮ್ಮ ಹುದ್ದೆ ಮತ್ತೆ ಹುಟ್ಟಿದರೆ ಮೊದಲ ಕರೆ ನಿಮಗೇ ಬರಬೇಕು, ಅದೂ ರಿಜಿಸ್ಟರ್ಡ್ ಪತ್ರದಲ್ಲಿ.

ಎರಡು, 25ಎ ನಿಯಮ. ಇದು ಶಾಲೆ ಪೂರ್ತಿ ಮುಚ್ಚಿದಾಗಿನದು. ಇಲ್ಲಿ ಒಂದು ಮುಳ್ಳು ಇದೆ, ಗಮನವಿಟ್ಟು ನೋಡಿ. ಒಂದಕ್ಕಿಂತ ಹೆಚ್ಚು ಮಾಧ್ಯಮ ನಡೆಸುವ ಶಾಲೆ ಅದರಲ್ಲಿ ಒಂದು ಮಾಧ್ಯಮವನ್ನು ಮಾತ್ರ ತಾನಾಗಿ ಮುಚ್ಚಿದರೂ ಅದು 'ಶಾಲೆ ಮುಚ್ಚಿದ್ದು' ಎಂದೇ ಲೆಕ್ಕ. ಅಂದರೆ ಗೇಟು ತೆಗೆದೇ ಇರುತ್ತದೆ, ಬೆಲ್ ಹೊಡೆಯುತ್ತಲೇ ಇರುತ್ತದೆ, ಆದರೂ ನಿಮ್ಮ ಪಾಲಿಗೆ ಶಾಲೆ ಮುಚ್ಚಿರುತ್ತದೆ. ಇಲ್ಲೂ ಮೂರು ತಿಂಗಳ ಮುಂಚೆ ಲಿಖಿತವಾಗಿ ತಿಳಿಸಬೇಕು. ಆಮೇಲೆ ಸೇವೆ ತಾನಾಗಿ ನಿಲ್ಲುತ್ತದೆ. ಏಡೆಡ್ ಶಾಲೆಯವರ ಹೆಸರನ್ನು ಶಿಕ್ಷಣಾಧಿಕಾರಿ ವೇಟಿಂಗ್ ಲಿಸ್ಟಿಗೆ ಹಾಕಿಕೊಂಡು, ಹೊಸದಾಗಿ ತೆರೆಯುವ ಅಥವಾ ತರಗತಿ ಹೆಚ್ಚಿಸುವ ಏಡೆಡ್ ಶಾಲೆಗಳಿಗೆ ಶಿಫಾರಸು ಮಾಡಬೇಕು. ಶಿಫಾರಸು ಅಷ್ಟೇ, ಪರಿಗಣಿಸಿ ಎಂದು. 26ರಲ್ಲಿ ಇರುವ ಬಲ ಇದರಲ್ಲಿ ಇಲ್ಲ. ಮೂರು ತಿಂಗಳಾದ ಮೇಲೆ ಸಂಬಳದ ಮಾತೂ ಗಟ್ಟಿಯಿಲ್ಲ.

ಹಾಗಾಗಿ ಮ್ಯಾನೇಜ್‌ಮೆಂಟ್ ಯಾವ ಶಬ್ದ ಬಳಸುತ್ತದೆ ಅನ್ನುವುದು ನಿಮಗೆ ಬದುಕಿನ ಪ್ರಶ್ನೆ. ಮೀಟಿಂಗ್‌ನಲ್ಲಿ ಬಾಯಲ್ಲಿ ಹೇಳಿದ್ದು ಯಾವ ಬಾಗಿಲೂ ಅಲ್ಲ, ಅದು ಕಾನೂನಿನ ಕಣ್ಣಲ್ಲಿ ಬರೀ ಸುದ್ದಿ. ನೀವೇ ಒಂದು ಪತ್ರ ಬರೆಯಿರಿ. ಇಂಥ ದಿನ ಮೀಟಿಂಗ್‌ನಲ್ಲಿ ಹೀಗೆ ಹೇಳಿದಿರಿ, ಕನ್ನಡ ಮಾಧ್ಯಮ ಮುಚ್ಚಲು ಇಲಾಖೆಯ ಅನುಮತಿ ಆಗಿದೆಯೇ, ಆಗಿದ್ದರೆ ಅದರ ಪ್ರತಿ ಕೊಡಿ, ನನ್ನನ್ನು ಯಾವ ನಿಯಮದಡಿ ಏನು ಮಾಡುತ್ತೀರಿ ತಿಳಿಸಿ, ನಾನು ಸೇವೆಯಲ್ಲಿ ಮುಂದುವರಿಯಲು ಸಿದ್ಧಳಿದ್ದೇನೆ. ಇಷ್ಟೇ ಸಾಕು. ಜಗಳದ ಧಾಟಿ ಬೇಡ, ವಕೀಲರ ಭಾಷೆಯೂ ಬೇಡ. ಪತ್ರ ಮುಟ್ಟಿತು ಎಂದು ಇನ್ವರ್ಡ್ ಸಿಕ್ಕಾ ಹಾಕಿಸಿಕೊಳ್ಳಿ, ಹಾಕದಿದ್ದರೆ ಪೋಸ್ಟಿಗೆ ಹಾಕಿ.

ಅದೇ ಪತ್ರದ ಪ್ರತಿ ಅಧಿಕಾರಿಗೂ ಹೋಗಬೇಕು. ಯಾವ ಅಧಿಕಾರಿಗೆ ಅನ್ನುವಲ್ಲಿ ಮುಂಬೈಯವರು ತುಂಬ ಜನ ಎಡವುತ್ತಾರೆ. ಮುಂಬೈಯಲ್ಲಿ ಖಾಸಗಿ ಪ್ರೈಮರಿ ಶಾಲೆಗಳನ್ನು ನೋಡುವುದು ಮಹಾನಗರ ಪಾಲಿಕೆಯ ಶಿಕ್ಷಣಾಧಿಕಾರಿ, ಸೆಕೆಂಡರಿಯನ್ನು ನೋಡುವುದು ರಾಜ್ಯ ಸರ್ಕಾರದ ಶಿಕ್ಷಣ ನಿರೀಕ್ಷಕರು, ಅವರಿಗೆ ಉತ್ತರ, ದಕ್ಷಿಣ, ಪಶ್ಚಿಮ ಎಂದು ಮೂರು ವಿಭಾಗ. ನೀವು 5ರಿಂದ 7. ಆ ತರಗತಿಗಳು ನಿಮ್ಮಲ್ಲಿ ಪ್ರೈಮರಿ ಮಾನ್ಯತೆಯಲ್ಲಿವೆಯೋ ಹೈಸ್ಕೂಲಿಗೆ ಅಂಟಿಕೊಂಡಿವೆಯೋ ನೋಡಿ. ನಿಮ್ಮ ಮೊದಲ ಅಪ್ರೂವಲ್ ಆರ್ಡರಿನ ಮೇಲೆ ಯಾರ ಸಹಿ ಇದೆ ಅಂತ ನೋಡಿದರೆ ಗೊತ್ತಾಗುತ್ತದೆ. ಅನುಮಾನ ಇದ್ದರೆ ಇಬ್ಬರಿಗೂ ಕಳಿಸಿ, ಮೂವತ್ತು ರೂಪಾಯಿ ಜಾಸ್ತಿ ಖರ್ಚಾಗಬಹುದು ಅಷ್ಟೇ.

ಇದೆಲ್ಲ ಯಾಕೆ ಆಗುತ್ತಿದೆ ಅನ್ನುವುದನ್ನೂ ಸ್ವಲ್ಪ ಹೇಳುತ್ತೇನೆ, ಯಾಕೆಂದರೆ ಕಾರಣದಲ್ಲೇ ಕೆಲವು ಸಲ ದಾರಿಯೂ ಇರುತ್ತದೆ. ಏಡೆಡ್ ಶಾಲೆಯಲ್ಲಿ ಸಂಬಳ ಬರುವುದು ಹುದ್ದೆಗೆ, ಹುದ್ದೆ ಬರುವುದು ಮಕ್ಕಳ ಸಂಖ್ಯೆಗೆ. ಪ್ರತಿ ವರ್ಷ ಸೆಪ್ಟೆಂಬರ್ 30ರ ಹಾಜರಿ ಹಿಡಿದು ಇಲಾಖೆ ಸಂಚ ಮಾನ್ಯತೆ ಮಾಡುತ್ತದೆ, ಅಂದರೆ ಈ ಶಾಲೆಗೆ ಇಷ್ಟು ಹುದ್ದೆ ಎಂದು ಮಂಜೂರಿ. 2009ರ ಶಿಕ್ಷಣ ಹಕ್ಕು ಕಾಯ್ದೆಯಲ್ಲಿ ಕೆಳಗಿನ ಪ್ರೈಮರಿಗೆ 60 ಮಕ್ಕಳವರೆಗೆ ಇಬ್ಬರು ಶಿಕ್ಷಕರು, 90ರವರೆಗೆ ಮೂವರು, ಹೀಗೆ ಲೆಕ್ಕ ಇದೆ. ರಾಜ್ಯ ಸರ್ಕಾರ 2015ರ ಆಗಸ್ಟ್ 28ರಂದು ಒಂದು ಜಿ.ಆರ್., ಅಂದರೆ ಸರ್ಕಾರಿ ಆದೇಶ, ತಂದು ಮಾನದಂಡ ಮಾಡಿತು, 2024ರ ಮಾರ್ಚ್ 15ರಂದು ಅದನ್ನು ಬದಲಿಸಿತು. ಸಣ್ಣ ಶಾಲೆಗಳಿಗೆ ಬಿಸಿ ಜಾಸ್ತಿ ತಟ್ಟಿದ್ದು ಈ ಎರಡನೆಯದರಿಂದ. ಅದರ ಮೇಲೆ ಆಧಾರ್ ಹೊಂದಾಣಿಕೆಯಾದ ಮಕ್ಕಳನ್ನು ಮಾತ್ರ ಎಣಿಸುವ ಪದ್ಧತಿ ಬಂತು. ನಮ್ಮ ಮಕ್ಕಳ ಹೆಸರಿನ ಕಥೆ ನಿಮಗೆ ಗೊತ್ತೇ ಇದೆ. ಶಾಲೆಯ ರಿಜಿಸ್ಟರಿನಲ್ಲಿ ಅಪ್ಪನ ಹೆಸರು, ಆಧಾರ್‌ನಲ್ಲಿ ಊರಿನ ಹೆಸರು, ಇನಿಷಿಯಲ್ ಹಿಂದೆ ಮುಂದೆ. ಕ್ಲಾಸಿನಲ್ಲಿ 31 ಮಕ್ಕಳು ಕೂತಿರುತ್ತಾರೆ, ಪೋರ್ಟಲ್‌ನಲ್ಲಿ 24 ಇರುತ್ತದೆ. ಇದನ್ನು ಪರೀಕ್ಷೆ ಮಾಡಿ. ತಪ್ಪು ಎಣಿಕೆಯಿಂದ ಹೋದ ಹುದ್ದೆಯನ್ನು ಸರಿ ಮಾಡಿಸಿಕೊಂಡ ಶಾಲೆಗಳಿವೆ.

ಆದರೆ ನಿಜ ಹೇಳಬೇಕು, ಆಧಾರ್ ಒಂದರಿಂದಲೇ ಕನ್ನಡ ಶಾಲೆ ಖಾಲಿಯಾಗಲಿಲ್ಲ. ಹೋಟೆಲಿನಲ್ಲಿ ಕೆಲಸ ಮಾಡಿ ಫೋರ್ಟಿನ ಕನ್ನಡ ರಾತ್ರಿ ಶಾಲೆಯಲ್ಲಿ ಎಸ್.ಎಸ್.ಸಿ. ಮುಗಿಸಿದ ತಲೆಮಾರು ತನ್ನ ಮಕ್ಕಳನ್ನು ಇಂಗ್ಲಿಷ್ ಮೀಡಿಯಂಗೆ ಹಾಕಿತು. ಮನೆಗಳು ಡೊಂಬಿವಲಿಗೆ, ಮೀರಾ ರೋಡಿಗೆ, ನಾಲಾಸೋಪಾರಾಕ್ಕೆ ಹೋದವು. ಸಂಘದ ವೇದಿಕೆಯಲ್ಲಿ ಕನ್ನಡ ಉಳಿಸಿ ಎಂದು ಭಾಷಣ ಮಾಡುವ ನಮ್ಮ ಪೈಕಿ ಎಷ್ಟು ಜನರ ಮೊಮ್ಮಕ್ಕಳು ಕನ್ನಡ ಶಾಲೆಯಲ್ಲಿದ್ದಾರೆ? ನನ್ನ ಮನೆಯಲ್ಲೂ ಇಲ್ಲ. ಆದ್ದರಿಂದ ಮ್ಯಾನೇಜ್‌ಮೆಂಟ್‌ನವರನ್ನು ಖಳನಾಯಕರು ಎಂದುಕೊಂಡು ಹೊರಡಬೇಡಿ. ಬಹಳ ಸಲ ಅವರೂ ಕೈಯಿಂದ ಹಣ ಹಾಕಿ ಶಾಲೆ ನಡೆಸಿದವರೇ. ಕಾನೂನು ಗೊತ್ತಿಲ್ಲದೆ, ಯಾರೋ ಗುಮಾಸ್ತ ಹೇಳಿದ ಸುಲಭದ ದಾರಿ ಹಿಡಿಯುತ್ತಾರೆ ಅಷ್ಟೇ.

ಗಡ್‌ಚಿರೋಲಿ ಮಾತು ಬಿಡಿ. ಸಮಾಯೋಜನ ಮಾಡುವಾಗ ಮೊದಲು ಅದೇ ಮ್ಯಾನೇಜ್‌ಮೆಂಟಿನ ಇನ್ನೊಂದು ಏಡೆಡ್ ಶಾಲೆ, ಆಮೇಲೆ ಅದೇ ಜಿಲ್ಲೆ, ಅಲ್ಲೂ ಇಲ್ಲದಿದ್ದರೆ ವಿಭಾಗ ನೋಡುತ್ತಾರೆ. ಶಿಕ್ಷಣ ಇಲಾಖೆಯ ಮುಂಬೈ ವಿಭಾಗದಲ್ಲಿ ಮುಂಬೈ ಬಿಟ್ಟರೆ ಠಾಣೆ, ಪಾಲ್ಘರ್, ರಾಯಗಡ ಬರುತ್ತವೆ. ಅಂದರೆ ಗಡ್‌ಚಿರೋಲಿ ಆಗದಿದ್ದರೂ ಡಹಾಣು ಆಗಬಹುದು. ಬೆಳಿಗ್ಗೆ ಐದಕ್ಕೆ ಎದ್ದು ಡಹಾಣು ಲೋಕಲ್ ಹಿಡಿಯುವುದೂ ಸಣ್ಣ ಮಾತಲ್ಲ, ಒಪ್ಪುತ್ತೇನೆ. ಆದರೆ ಒಂದು ಎಚ್ಚರಿಕೆ. ಕೊಟ್ಟ ಜಾಗ ಬೇಡ ಎಂದು ಸುಮ್ನೆ ಮನೆಯಲ್ಲಿ ಕೂತರೆ ಸಮಾಯೋಜನದ ಹಕ್ಕೇ ಹೋಗುತ್ತದೆ. ದೂರ ಆಯಿತು, ಮಾಧ್ಯಮ ಹೊಂದುವುದಿಲ್ಲ ಅಂತಿದ್ದರೆ ಮೊದಲು ಹೋಗಿ ಹಾಜರಾಗಿ, ಆಕ್ಷೇಪಣೆಯನ್ನು ಜೊತೆಗೇ ಲಿಖಿತವಾಗಿ ಕೊಡಿ. ಹಾಜರಾಗಲು ಹೋದಾಗ ಆ ಶಾಲೆಯವರು ಸೇರಿಸಿಕೊಳ್ಳದಿದ್ದರೆ, ಅದೂ ಆಗುತ್ತದೆ, ಆ ದಿನವೇ ಅಧಿಕಾರಿಗೆ ಪತ್ರ ಹಾಕಿ: ಇಂಥ ದಿನ, ಇಷ್ಟು ಗಂಟೆಗೆ ಹೋಗಿದ್ದೆ, ಸೇರಿಸಿಕೊಳ್ಳಲಿಲ್ಲ. ಸಂಬಳದ ಜಗಳದಲ್ಲಿ ನಿಮ್ಮನ್ನು ಕಾಯುವುದು ಈ ಪತ್ರ.

ಮಾಧ್ಯಮದ ಪ್ರಶ್ನೆ ಮುಂಬೈ ಕನ್ನಡ ಟೀಚರ್‌ಗಳಿಗೆ ನಿಜವಾದ ತಲೆನೋವು. ಖಾಲಿ ಹುದ್ದೆ ಇರುವ ಕನ್ನಡ ಏಡೆಡ್ ಶಾಲೆ ಎಲ್ಲಿದೆ ಹುಡುಕಬೇಕು. ಇನ್ನು ಉಳಿದ ಕನ್ನಡ ಶಾಲೆಗಳು ಭಾಷಾ ಅಲ್ಪಸಂಖ್ಯಾತ ಶಾಲೆಗಳಾಗಿದ್ದರೆ, ಸಂವಿಧಾನದ 30ನೇ ವಿಧಿ ಅವರಿಗೆ ತಮ್ಮ ಶಿಕ್ಷಕರನ್ನು ತಾವೇ ಆರಿಸುವ ಹಕ್ಕು ಕೊಡುತ್ತದೆ. ಇವರನ್ನೇ ತೆಗೆದುಕೊಳ್ಳಿ ಎಂದು ಇಲಾಖೆ ಅವರ ಮೇಲೆ ಹೇರುವುದು ಕಷ್ಟ. ತಮಾಷೆ ನೋಡಿ, ನಮ್ಮ ಭಾಷೆಯನ್ನು ಕಾಯಲು ಬಂದ ಹಕ್ಕೇ ನಮ್ಮ ಟೀಚರ್‌ಗೆ ಅಡ್ಡ ಬರುತ್ತದೆ. ಆದರೆ ಹೇರುವಂತಿಲ್ಲ ಅಂದರೆ ಅವರಾಗಿ ಕರೆದುಕೊಳ್ಳುವಂತಿಲ್ಲ ಅಂತ ಅರ್ಥ ಅಲ್ಲ. ನನ್ನ ಅನುಭವದಲ್ಲಿ ಕನ್ನಡ ಟೀಚರ್‌ಗಳಿಗೆ ಹತ್ತಿರದ ಜಾಗ ಸಿಕ್ಕಿದ್ದು ಇಲಾಖೆಯ ಲಿಸ್ಟಿನಿಂದಲ್ಲ, ಒಂದು ಶಾಲೆಯ ಕಾರ್ಯದರ್ಶಿ ಇನ್ನೊಂದು ಶಾಲೆಯ ಕಾರ್ಯದರ್ಶಿಗೆ ಮಾಡಿದ ಫೋನಿನಿಂದ. ಈ ವರ್ಷ, ಮುಂದಿನ ವರ್ಷ ಯಾವ ಕನ್ನಡ ಶಾಲೆಯಲ್ಲಿ ಗಣಿತ, ವಿಜ್ಞಾನದವರು ನಿವೃತ್ತಿಯಾಗುತ್ತಾರೆ ಎಂದು ಪಟ್ಟಿ ಮಾಡಿ. ಆ ಶಾಲೆ 'ಈ ಸರ್‌ಪ್ಲಸ್ ಶಿಕ್ಷಕಿಯನ್ನು ನಮಗೆ ಕೊಡಿ' ಎಂದು ತಾನೇ ಬರೆದರೆ ಅಧಿಕಾರಿಗೂ ಕೆಲಸ ಹಗುರ. ಖಾಲಿ ಹುದ್ದೆ ತುಂಬುವ ಮೊದಲು ಸರ್‌ಪ್ಲಸ್ ಲಿಸ್ಟಿನಲ್ಲಿ ಯಾರಿದ್ದಾರೆ ಕೇಳಬೇಕು ಎಂದು ಎಂ.ಇ.ಪಿ.ಎಸ್. ಕಾಯ್ದೆಯ 5ನೇ ಕಲಮು ಹೇಗೂ ಹೇಳುತ್ತದೆ.

ನಿಮ್ಮದೇ ಶಾಲೆಗೆ ಅಲ್ಪಸಂಖ್ಯಾತ ಸರ್ಟಿಫಿಕೇಟ್ ಇದೆಯೋ? ಇದ್ದರೆ 'ನಮಗೆ ಎಂ.ಇ.ಪಿ.ಎಸ್. ಬರುವುದೇ ಇಲ್ಲ' ಎಂದು ಯಾರಾದರೂ ಹೇಳಬಹುದು. ಅದು ಸುಳ್ಳು. ಮುಖ್ಯೋಪಾಧ್ಯಾಯರು ಮತ್ತು ಹೆಸರು ತಿಳಿಸಿದ ಇನ್ನು ಮೂವರವರೆಗಿನ ನೌಕರರ ನೇಮಕಾತಿಗೆ ಮಾತ್ರ ಅವರಿಗೆ ವಿನಾಯಿತಿ.

ಇಂಗ್ಲಿಷ್ ಶಾಲೆಗೆ ಹೋಗುವುದೇ ಬೇಡವೇ ಅಂದರೆ, ಹಾಗೆಂದು ನಾನು ಹೇಳುತ್ತಿಲ್ಲ. ಮನೆ ಹತ್ತಿರ, ಗುರುತಿನ ಜನ, ಎಲ್ಲ ಸರಿ. ಆದರೆ ರಾಜೀನಾಮೆ ಕೊಟ್ಟು ಹೋಗಬೇಡಿ ಅನ್ನುತ್ತಿದ್ದೇನೆ. ಮ್ಯಾನೇಜ್‌ಮೆಂಟ್ ತನ್ನ ಶಾಲೆಗಳ ನಡುವೆ ವರ್ಗ ಮಾಡಲು ಎಂ.ಇ.ಪಿ.ಎಸ್.ನ 41ನೇ ನಿಯಮ ಇದೆ ನಿಜ, ಆದರೆ ಏಡೆಡ್ ಹುದ್ದೆಯಿಂದ ಅನ್‌ಏಡೆಡ್ ಹುದ್ದೆಗೆ ಹೋದ ಕ್ಷಣ ಸರ್ಕಾರದ ಸಂಬಳ ನಿಲ್ಲುತ್ತದೆ, ಸರ್‌ಪ್ಲಸ್ ಲಿಸ್ಟಿನಲ್ಲಿ ನಿಮ್ಮ ಹೆಸರು ಇರುವುದೂ ಕಷ್ಟವಾಗುತ್ತದೆ. ಅಂಥ ವರ್ಗಕ್ಕೆ ಬಾಯಲ್ಲಾಗಲಿ ಕಾಗದದಲ್ಲಾಗಲಿ ಒಪ್ಪಿಗೆ ಕೊಡಬೇಡಿ.

ನಿಜವಾಗಿ ಆ ಶಾಲೆಯಲ್ಲೇ ಪಾಠ ಮಾಡುವ ಮನಸ್ಸಿದ್ದರೆ ಇನ್ನೊಂದು ದಾರಿ ಇದೆ, ಸ್ವಯಂ ನಿವೃತ್ತಿ. 1982ರ ಪೆನ್ಷನ್ ನಿಯಮಗಳ 66ನೇ ನಿಯಮದಲ್ಲಿ 20 ವರ್ಷದ ಅರ್ಹ ಸೇವೆ ಆದವರು ಮೂರು ತಿಂಗಳ ನೋಟಿಸ್ ಕೊಟ್ಟು ಪೆನ್ಷನ್ ಸಮೇತ ನಿವೃತ್ತಿಯಾಗಬಹುದು. ಶಿಕ್ಷಣ ಸೇವಕ ಅವಧಿ ಲೆಕ್ಕಕ್ಕೆ ಹಿಡಿಯದಿದ್ದರೂ ನಿಮಗೆ 2025ರ ಜೂನ್‌ಗೆ 20 ಆಯಿತು. ನಡುವೆ ಸಂಬಳವಿಲ್ಲದ ರಜೆ ಹಾಕಿದ್ದರೆ ಅದನ್ನು ಕಳೆದು ನೋಡಿ. ರಾಜೀನಾಮೆ ಮತ್ತು ಸ್ವಯಂ ನಿವೃತ್ತಿ ಎರಡರಲ್ಲೂ ನೀವು ಶಾಲೆ ಬಿಡುತ್ತೀರಿ, ಒಂದರಲ್ಲಿ ಬರಿಗೈ, ಇನ್ನೊಂದರಲ್ಲಿ ಪೆನ್ಷನ್. ಆದರೂ ಇದು ನನ್ನ ಮೊದಲ ಸಲಹೆ ಅಲ್ಲ. ನಿಮಗೆ 58 ಆಗಲು ಇನ್ನೂ ಹತ್ತು ವರ್ಷ ಇದೆ. ಆ ಹತ್ತು ವರ್ಷದ ಪೂರ್ತಿ ಸಂಬಳ, ಇನ್‌ಕ್ರಿಮೆಂಟ್, ಕೊನೆಯ ಸಂಬಳದ ಮೇಲೆ ಲೆಕ್ಕ ಹಾಕುವ ಪೆನ್ಷನ್ ಎಲ್ಲ ಬಿಟ್ಟುಕೊಡುವುದು ಯಾಕೆ? ಆರೋಗ್ಯ ಸರಿಯಿಲ್ಲ, ದೂರ ಹೋಗಲು ಸಾಧ್ಯವೇ ಇಲ್ಲ ಅನ್ನುವವರಿಗೆ ಮಾತ್ರ ಇದು.

ಆ ಹತ್ತು ವರ್ಷದ ಮಾತು ಬಂದಾಗ ಟಿ.ಇ.ಟಿ., ಅಂದರೆ ಶಿಕ್ಷಕರ ಅರ್ಹತಾ ಪರೀಕ್ಷೆಯ ವಿಷಯ ಹೇಳಲೇಬೇಕು. 2025ರ ಸೆಪ್ಟೆಂಬರ್ 1ರಂದು ಸುಪ್ರೀಂ ಕೋರ್ಟ್ ಕೊಟ್ಟ ತೀರ್ಪಿನ ಪ್ರಕಾರ, 1ರಿಂದ 8ನೇ ತರಗತಿಯ ಶಿಕ್ಷಕರು ಹಳಬರಾದರೂ ಟಿ.ಇ.ಟಿ. ಪಾಸಾಗಬೇಕು. ನಿವೃತ್ತಿಗೆ 5 ವರ್ಷಕ್ಕಿಂತ ಕಡಿಮೆ ಇದ್ದವರಿಗೆ ಮಾತ್ರ ನೌಕರಿಗೆ ತೊಂದರೆ ಇಲ್ಲ, ಬಡ್ತಿ ಬೇಕಾದರೆ ಅವರೂ ಪಾಸಾಗಬೇಕು. ಉಳಿದವರಿಗೆ ಎರಡು ವರ್ಷದ ಗಡುವು. ಅಲ್ಪಸಂಖ್ಯಾತ ಶಾಲೆಗಳಿಗೆ ಇದು ಅನ್ವಯಿಸುತ್ತದೆಯೇ ಎಂಬ ಪ್ರಶ್ನೆಯನ್ನು ದೊಡ್ಡ ಪೀಠಕ್ಕೆ ಒಪ್ಪಿಸಿದ್ದಾರೆ. ನಿಮ್ಮದು ಅಲ್ಪಸಂಖ್ಯಾತ ಶಾಲೆಯಾಗಿದ್ದು ನಾಳೆ ಸಮಾಯೋಜನದಲ್ಲಿ ಮಾಮೂಲಿ ಶಾಲೆಗೆ ಹೋದರೆ, ಇವತ್ತು ತಲೆ ಮೇಲೆ ಇಲ್ಲದ ಕತ್ತಿ ನಾಳೆ ಇರುತ್ತದೆ. 6ರಿಂದ 8ಕ್ಕೆ ಎರಡನೇ ಪೇಪರ್, 150ಕ್ಕೆ 90 ಬೇಕು. ಕೇಂದ್ರದವರು ನಡೆಸುವ ಸಿ.ಟಿ.ಇ.ಟಿ.ಯಲ್ಲಿ ಭಾಷೆಯಾಗಿ ಕನ್ನಡ ತೆಗೆದುಕೊಳ್ಳಬಹುದು. ಗಣಿತದವರಿಗೆ ಇದು ಆಗದ ಕೆಲಸವಲ್ಲ, ಆದರೆ 23 ವರ್ಷ ಪರೀಕ್ಷೆ ತೆಗೆದುಕೊಂಡವರು ಪರೀಕ್ಷೆಗೆ ಕೂರುವುದು ಮನಸ್ಸಿಗೆ ಕಷ್ಟ. ನನ್ನ ಹತ್ತಿರ ಬರುವ ಟೀಚರ್‌ಗಳು ಕೋರ್ಟಿಗಿಂತ ಇದಕ್ಕೇ ಹೆಚ್ಚು ಹೆದರುತ್ತಾರೆ. ಅರ್ಜಿ ಹಾಕಿಬಿಡಿ.

ಇನ್ನು ಲೇಬರ್ ಕೋರ್ಟ್. ಅಲ್ಲಿ ಸಮಯ ಹಾಳು ಮಾಡಬೇಡಿ. ಶಿಕ್ಷಕರು 'ಕಾರ್ಮಿಕ' ಎಂಬ ವ್ಯಾಖ್ಯೆಯಲ್ಲಿ ಬರುವುದಿಲ್ಲ ಎಂದು ಸುಪ್ರೀಂ ಕೋರ್ಟ್ 1988ರಲ್ಲೇ ಹೇಳಿದೆ. ಆ ಕೇಸು ನಮ್ಮ ಪಕ್ಕದ ಗೋವಾದ ಶಾಲೆಯೊಂದರ ಶಿಕ್ಷಕಿ ಸುಂದರಾಂಬಾಳ್ ಅವರದು. ನಿಮ್ಮ ಜಾಗ ಸ್ಕೂಲ್ ಟ್ರಿಬ್ಯೂನಲ್. ನಿಮ್ಮನ್ನು ತೆಗೆದರೆ, ಬಾಯಲ್ಲಿ 'ನಾಳೆಯಿಂದ ಬರಬೇಡಿ' ಅಂದರೂ, ದರ್ಜೆ ಇಳಿಸಿದರೂ ಎಂ.ಇ.ಪಿ.ಎಸ್. ಕಾಯ್ದೆಯ 9ನೇ ಕಲಮಿನಲ್ಲಿ ಅಲ್ಲಿ ಅಪೀಲು ಹಾಕಬಹುದು. ಗಡುವು 30 ದಿನ. ತಡವಾದದ್ದಕ್ಕೆ ತಕ್ಕ ಕಾರಣ ಇದ್ದರೆ ಮನ್ನಿಸುವ ಅಧಿಕಾರ ಅವರಿಗಿದೆ, ಆದರೆ 'ಅಧ್ಯಕ್ಷರು ನೋಡೋಣ ಅಂದಿದ್ದರು, ಅದಕ್ಕೆ ಕಾದೆ' ಅನ್ನುವುದನ್ನು ತಕ್ಕ ಕಾರಣ ಎಂದು ಒಪ್ಪಿಸಲು ನನಗೆ ಬೆವರಿಳಿದಿದೆ. ಟ್ರಿಬ್ಯೂನಲ್ ವಾಪಸ್ ಕೆಲಸಕ್ಕೆ ಸೇರಿಸಿ ಎನ್ನಬಹುದು, ಬಾಕಿ ಸಂಬಳ ಕೊಡಿಸಬಹುದು. ಮೂರು ತಿಂಗಳಲ್ಲಿ ತೀರ್ಮಾನಿಸಲು ಯತ್ನಿಸಬೇಕು ಎಂದು ಕಾಯ್ದೆ ಹೇಳುತ್ತದೆ. ಯತ್ನ ವರ್ಷಗಟ್ಟಲೆ ನಡೆಯುತ್ತದೆ, ಅದನ್ನೂ ಮನಸ್ಸಿನಲ್ಲಿಟ್ಟುಕೊಳ್ಳಿ.

ಇಲಾಖೆಯೇ ಸಮಾಯೋಜನ ಮಾಡುತ್ತಿಲ್ಲ, ಸಂಬಳ ತಡೆಹಿಡಿದಿದೆ ಅಂದರೆ ಅದು ಟ್ರಿಬ್ಯೂನಲ್‌ಗೆ ಸೇರುವ ವಿಷಯ ಅಲ್ಲ. ಅದಕ್ಕೆ ಹೈಕೋರ್ಟಿನಲ್ಲಿ ರಿಟ್ ಹಾಕಬೇಕು. ಖರ್ಚಿಗೆ ಹೆದರಬೇಡಿ. 1987ರ ಕಾನೂನು ಸೇವೆಗಳ ಕಾಯ್ದೆಯಲ್ಲಿ ಹೆಂಗಸರಿಗೆ ಆದಾಯ ಎಷ್ಟೇ ಇರಲಿ ಉಚಿತ ವಕೀಲರು ಸಿಗುತ್ತಾರೆ. ನಮ್ಮ ಟೀಚರ್‌ಗಳಿಗೆ ಇದನ್ನು ಹೇಳಿದರೆ ನಂಬುವುದೇ ಇಲ್ಲ.

ನಿಮ್ಮ ಗೆಳತಿಯ ವಿಷಯ. ಅನ್‌ಏಡೆಡ್ ಆದರೂ ಅವರಿಗೆ ಎಂ.ಇ.ಪಿ.ಎಸ್. ಇದೆ, ಟ್ರಿಬ್ಯೂನಲ್ ಇದೆ. ಪರ್ಮನೆಂಟ್ ಆಗಿದ್ದರೆ ಸೀನಿಯರ್ ಬಂದರು ಎಂದು ಅವರನ್ನು ಸುಮ್ನೆ ತೆಗೆಯುವಂತಿಲ್ಲ. ಆದರೆ ಸರ್ಕಾರಿ ಸಮಾಯೋಜನದ ಆಸರೆ ಅವರಿಗೆ ಇಲ್ಲ, ಇದನ್ನು ಮುಚ್ಚಿಡುವುದು ಸರಿಯಲ್ಲ. ಗ್ರಾಚ್ಯುಟಿ ಮಾತ್ರ ಬಿಡಬಾರದು. 2009ರ ತಿದ್ದುಪಡಿಯಿಂದ ಶಿಕ್ಷಕರಿಗೂ ಗ್ರಾಚ್ಯುಟಿ ಬಂತು, 1997ರ ಏಪ್ರಿಲ್ 3ರಿಂದಲೇ ಅನ್ವಯ. ಖಾಸಗಿ ಶಾಲೆಗಳು ಸುಪ್ರೀಂ ಕೋರ್ಟಿನವರೆಗೆ ಹೋಗಿ 2022ರಲ್ಲಿ ಸೋತವು. ಕೊನೆಯ ಸಂಬಳವನ್ನು 26ರಿಂದ ಭಾಗಿಸಿ, 15ರಿಂದ ಗುಣಿಸಿ, ವರ್ಷಗಳಿಂದ ಗುಣಿಸಬೇಕು. ತಿಂಗಳಿಗೆ 18,000 ಇದ್ದರೆ 9 ವರ್ಷಕ್ಕೆ ಸುಮಾರು 93,000 ಆಗುತ್ತದೆ. ನೀವು ಆ ಶಾಲೆಗೆ ಹೋಗಲು ಒಪ್ಪದಿದ್ದರೆ ಅವರ ಕೆಲಸವೂ ಉಳಿಯುತ್ತದೆ ಅನ್ನುವುದು ಬೇರೆ ಮಾತು.

ಇದನ್ನು ಓದುವ ಪಾಲಿಕೆ ಶಾಲೆಯ ಕನ್ನಡ ಟೀಚರ್‌ಗಳಿಗೆ ಒಂದು ಸಾಲು: ಪಾಲಿಕೆ ಎಂಟು ಮಾಧ್ಯಮಗಳಲ್ಲಿ ಶಾಲೆ ನಡೆಸುತ್ತದೆ, ನೀವು ಪಾಲಿಕೆಯ ನೌಕರರು, ಎಂ.ಇ.ಪಿ.ಎಸ್. ಕಾಯ್ದೆ ನಿಮಗಲ್ಲ. ಶಾಲೆ ಇನ್ನೊಂದರಲ್ಲಿ ಸೇರಿದರೆ ನಿಮ್ಮದು ಬರೀ ವರ್ಗಾವಣೆ. ಆದರೆ ಪಾಠ ಬಿಡಿಸಿ ಗುಮಾಸ್ತಿಕೆಗೆ ಹಾಕಿದರೆ ಶಿಕ್ಷಣ ಹಕ್ಕು ಕಾಯ್ದೆಯ 27ನೇ ಕಲಮು ತೋರಿಸಿ. ಜನಗಣತಿ, ವಿಪತ್ತು ಪರಿಹಾರ, ಚುನಾವಣೆ ಬಿಟ್ಟು ಬೇರೆ ಕೆಲಸಕ್ಕೆ ಶಿಕ್ಷಕರನ್ನು ಹಾಕುವಂತಿಲ್ಲ.

ಟೀಚರ್, ಈ ವಾರವೇ ಒಂದು ಮಾಹಿತಿ ಹಕ್ಕು ಅರ್ಜಿ ಹಾಕಿ. ಹತ್ತು ರೂಪಾಯಿ, 30 ದಿನ. ಕಳೆದ ಮೂರು ವರ್ಷದ ಸಂಚ ಮಾನ್ಯತೆ, ಕನ್ನಡ ಮಾಧ್ಯಮ ಮುಚ್ಚಲು ಮ್ಯಾನೇಜ್‌ಮೆಂಟ್ ಕೊಟ್ಟ ಅರ್ಜಿ ಮತ್ತು ಅದಕ್ಕೆ ಇಲಾಖೆಯ ಉತ್ತರ, ಈಗಿನ ಸರ್‌ಪ್ಲಸ್ ಲಿಸ್ಟ್, ಇಷ್ಟು ಕೇಳಿ. ಎಷ್ಟೋ ಸಲ ಅರ್ಜಿಯೇ ಹೋಗಿರುವುದಿಲ್ಲ. ಮೊದಲು ಟೀಚರ್‌ಗಳ ರಾಜೀನಾಮೆ ಕಟ್ಟು ಕೈಗೆ ಬರಲಿ, ಆಮೇಲೆ 'ಶಿಕ್ಷಕರೇ ಇಲ್ಲ' ಎಂದು ಬರೆಯೋಣ ಎಂದು ಕಾಯುತ್ತಿರುತ್ತಾರೆ.

ಕೊನೆಗೆ ನೀವು ಕೇಳದೆ ಬಿಟ್ಟ ಒಂದು ವಿಷಯ, ಸರ್ವಿಸ್ ಬುಕ್. ಅದು ಹೆಡ್ ಟೀಚರ್ ಕಪಾಟಿನಲ್ಲಿದೆ ಅಲ್ವಾ? ಶಾಲೆ ಮುಚ್ಚುವಾಗ ಮೊದಲು ಕಾಣೆಯಾಗುವುದು ಆ ಕಪಾಟಿನ ಬೀಗದ ಕೈ. ನಾಳೆ ಹೋಗಿ ಮೊದಲ ಪುಟದಿಂದ ಕೊನೆಯ ಪುಟದವರೆಗೆ ಜೆರಾಕ್ಸ್ ಮಾಡಿಸಿ, ಹೆಡ್ ಟೀಚರ್ ಸಹಿ ಮತ್ತು ಸಿಕ್ಕಾ ಹಾಕಿಸಿಕೊಳ್ಳಿ. 2002ರ ನೇಮಕಾತಿ, 2005ರ ಪರ್ಮನೆಂಟ್ ಅಪ್ರೂವಲ್, ಪ್ರತಿ ವರ್ಷದ ಇನ್‌ಕ್ರಿಮೆಂಟ್, ಹೆರಿಗೆ ರಜೆ ಎಲ್ಲ ಬರೆದಿದೆಯೋ ನೋಡಿ. ಒಂದು ವರ್ಷ ಬಿಟ್ಟುಹೋಗಿದ್ದರೂ ಈಗಲೇ, ಬರೆದ ಕೈ ಇನ್ನೂ ಶಾಲೆಯಲ್ಲಿ ಇರುವಾಗಲೇ ಸರಿ ಮಾಡಿಸಿ.